ಯುರೋಪಿನ ಒಕ್ಕೂಟ ಬೆಳೆದರೆ ಗಡಿ ಎಲ್ಲಿಗೆ ಹೋಗುತ್ತದೆ?

ತೋರಣಗಲ್ಲಿನಲ್ಲಿ ತಯಾರಾದ ಉಕ್ಕು ಯುರೋಪಿಗೆ ಹೋದರೆ ಈಗ ಅಲ್ಲಿ ಒಂದು ಹೊಸ ಲೆಕ್ಕ ಕೇಳುತ್ತಾರೆ. ಈ ಉಕ್ಕು ಮಾಡುವಾಗ ಎಷ್ಟು ಇಂಗಾಲ ಗಾಳಿಗೆ ಬಿಟ್ಟಿರಿ? ಅದಕ್ಕೆ ತಕ್ಕ ಹಾಗೆ ಮಾಲು ತರಿಸಿಕೊಂಡವರು ದುಡ್ಡು ಕಟ್ಟಬೇಕು. 2026ರ ಜನವರಿ 1ರಿಂದ ಈ ನಿಯಮ ಪೂರ್ತಿ ಜಾರಿಗೆ ಬಂದಿದೆ. ಅದೇ ತಿಂಗಳ ಕೊನೆಗೆ ಭಾರತ ಮತ್ತು ಯುರೋಪಿಯನ್ ಒಕ್ಕೂಟದ ಮುಕ್ತ ವ್ಯಾಪಾರ ಒಪ್ಪಂದದ ಮಾತುಕತೆಯೂ ಮುಗಿಯಿತು. 2007ರಲ್ಲಿ ಶುರುವಾಗಿ, 2013ರಲ್ಲಿ ನಿಂತು, 2022ರಲ್ಲಿ ಮತ್ತೆ ಎದ್ದ ಮಾತುಕತೆ ಅದು.

ಈ ಸುದ್ದಿಗಳಲ್ಲೆಲ್ಲ ‘27 ದೇಶಗಳ ಒಕ್ಕೂಟ’ ಎಂಬ ಮಾತು ಬಂದೇ ಬರುತ್ತದೆ. ಈ 27 ಎಂಬ ಸಂಖ್ಯೆ ಖಾಯಂ ಏನಲ್ಲ. ಮೊದಲು 6 ಇತ್ತು. ಒಂದು ಹಂತದಲ್ಲಿ 28 ಆಗಿ, ಬ್ರಿಟನ್ ಎದ್ದು ಹೋದ ಮೇಲೆ ಒಂದು ಕಮ್ಮಿಯಾಯಿತು. ಈಗ ಒಂಬತ್ತು ದೇಶಗಳು ಅಭ್ಯರ್ಥಿಗಳೆಂಬ ಪಟ್ಟಿಯಲ್ಲಿವೆ. ಅದರಲ್ಲಿ ಉಕ್ರೇನ್ ಕೂಡ ಒಂದು. ಒಂದು ದೇಶ ಇನ್ನೊಂದು ಗುಂಪಿಗೆ ಸೇರುತ್ತೇನೆ ಅಂದರೆ ಸೈನ್ಯ, ಸರ್ಕಾರ, ರೈತರು ಎಲ್ಲರೂ ಯಾಕೆ ಎದ್ದು ಕೂರುತ್ತಾರೆ? ಬುಡದಿಂದ ನೋಡೋಣ.

ಉಕ್ಕು, ಕಲ್ಲಿದ್ದಲಿನಿಂದ ಹುಟ್ಟಿದ ಒಕ್ಕೂಟ

ಸಂಡೂರಿನ ಅದಿರು ಲಾರಿಗಳ ಹಿಂದೆ ಕೆಂಪು ಧೂಳು ಕುಡಿದವರಿಗೆ ಇದು ಸ್ವಲ್ಪ ಖುಷಿ ಕೊಡಬಹುದು. ಈ ಒಕ್ಕೂಟ ಹುಟ್ಟಿದ್ದೇ ಕಲ್ಲಿದ್ದಲು ಮತ್ತು ಉಕ್ಕಿನ ಮೇಲೆ. 1870ರಿಂದ 1945ರ ಒಳಗೆ ಫ್ರಾನ್ಸ್ ಮತ್ತು ಜರ್ಮನಿ ಮೂರು ಸಲ ಯುದ್ಧ ಮಾಡಿದ್ದವು. ಫಿರಂಗಿ ಮಾಡಲು ಉಕ್ಕು ಬೇಕು, ಉಕ್ಕಿಗೆ ಕಲ್ಲಿದ್ದಲು ಬೇಕು. ಇವೆರಡನ್ನೂ ಒಂದು ಜಂಟಿ ಮಂಡಳಿಯ ಕೈಗೆ ಕೊಟ್ಟುಬಿಟ್ಟರೆ, ಒಬ್ಬರಿಗೆ ಗೊತ್ತಾಗದ ಹಾಗೆ ಇನ್ನೊಬ್ಬರು ಯುದ್ಧಕ್ಕೆ ತಯಾರಾಗಲು ಆಗುವುದಿಲ್ಲ. 1950ರ ಮೇ 9ರಂದು ಫ್ರಾನ್ಸಿನ ವಿದೇಶಾಂಗ ಸಚಿವ ರಾಬರ್ಟ್ ಶೂಮನ್ ಮುಂದಿಟ್ಟ ಯೋಚನೆ ಇಷ್ಟೇ. ಮರುವರ್ಷ ಫ್ರಾನ್ಸ್, ಪಶ್ಚಿಮ ಜರ್ಮನಿ, ಇಟಲಿ, ಬೆಲ್ಜಿಯಂ, ನೆದರ್ಲೆಂಡ್ಸ್, ಲಕ್ಸೆಂಬರ್ಗ್ ಸಹಿ ಹಾಕಿದವು.

1957ರ ರೋಮ್ ಒಪ್ಪಂದದಿಂದ ಅದು ಎಲ್ಲ ಸರಕಿಗೂ ಒಂದೇ ಮಾರುಕಟ್ಟೆ ಆಗುವ ದಾರಿ ಹಿಡಿಯಿತು. ಯುರೋಪಿಯನ್ ಒಕ್ಕೂಟ ಎಂಬ ಈಗಿನ ಹೆಸರು ಬಂದದ್ದು 1993ರಲ್ಲಿ.

ಇದು ಒಂದು ದೇಶವಲ್ಲ. ಸದಸ್ಯ ದೇಶಗಳಿಗೆ ಅವರವರ ಸರ್ಕಾರ, ಸೈನ್ಯ, ಪೊಲೀಸು ಎಲ್ಲ ಇದ್ದೇ ಇದೆ. ಆದರೆ ಹೊರಗಿನಿಂದ ಬರುವ ಸರಕಿಗೆ ಸುಂಕ ಎಲ್ಲ ಕಡೆ ಒಂದೇ. ಒಳಗೆ ಸುಂಕವೇ ಇಲ್ಲ. ಪೋರ್ಚುಗಲ್‌ನವನು ಜರ್ಮನಿಗೆ ಹೋಗಿ ವೀಸಾ ಇಲ್ಲದೆ ಕೆಲಸ ಮಾಡಬಹುದು. ಒಕ್ಕೂಟದ ಕಾನೂನಿಗೂ ದೇಶದ ಕಾನೂನಿಗೂ ತಿಕ್ಕಾಟ ಬಂದರೆ ಒಕ್ಕೂಟದ್ದೇ ಮೇಲುಗೈ ಎಂದು ಅದರ ನ್ಯಾಯಾಲಯ ಹೇಳುತ್ತದೆ.

ಇಲ್ಲಿ ಮೂರು ಹೆಸರು ಕಲಸಿಹೋಗುತ್ತವೆ, ಈಗಲೇ ಬಿಡಿಸಿಕೊಳ್ಳುವುದು ಒಳ್ಳೆಯದು. ಯೂರೋ ಅಂದರೆ ನಾಣ್ಯ. 2026ರ ಜನವರಿಯಲ್ಲಿ ಬಲ್ಗೇರಿಯಾ ಸೇರಿದ ಮೇಲೆ 27ರಲ್ಲಿ 21 ದೇಶಗಳು ಅದನ್ನು ಬಳಸುತ್ತವೆ. ಷೆಂಗೆನ್ ಅಂದರೆ ಗಡಿಯಲ್ಲಿ ಪಾಸ್‌ಪೋರ್ಟ್ ತಪಾಸಣೆ ಇಲ್ಲದ ವಲಯ. ಅದರಲ್ಲಿ 29 ದೇಶಗಳಿವೆ, ಒಕ್ಕೂಟದಲ್ಲೇ ಇಲ್ಲದ ನಾರ್ವೆ, ಸ್ವಿಟ್ಜರ್ಲೆಂಡ್ ಕೂಡ ಅದರೊಳಗಿವೆ. ನೇಟೋ ಅಂದರೆ ಅಮೆರಿಕವೂ ಇರುವ ಸೈನಿಕ ಕೂಟ, ಅದು ಬೇರೆಯೇ ಸಂಸ್ಥೆ. ಟರ್ಕಿ ನೇಟೋದಲ್ಲಿದೆ, ಒಕ್ಕೂಟದಲ್ಲಿಲ್ಲ. ಆಸ್ಟ್ರಿಯಾ, ಐರ್ಲೆಂಡ್ ಒಕ್ಕೂಟದಲ್ಲಿವೆ, ನೇಟೋದಲ್ಲಿಲ್ಲ. ಟಿವಿ ಚರ್ಚೆಗಳಲ್ಲಿ ಇವನ್ನು ಒಂದೇ ಉಸಿರಿಗೆ ಹೇಳಿಬಿಡುತ್ತಾರೆ, ಅಲ್ಲಿಂದಲೇ ಅರ್ಧ ಗೊಂದಲ ಶುರು.

ಆರು ಇಪ್ಪತ್ತೇಳಾದದ್ದು

1973ರಲ್ಲಿ ಬ್ರಿಟನ್, ಐರ್ಲೆಂಡ್, ಡೆನ್ಮಾರ್ಕ್ ಬಂದವು. ಬ್ರಿಟನ್ನಿಗೆ ಅದಕ್ಕೂ ಮೊದಲು ಎರಡು ಸಲ ಫ್ರಾನ್ಸಿನ ಅಧ್ಯಕ್ಷ ಡಿ ಗಾಲ್ ಬಾಗಿಲು ಹಾಕಿದ್ದರು. 1981ರಲ್ಲಿ ಗ್ರೀಸ್, 1986ರಲ್ಲಿ ಸ್ಪೇನ್ ಮತ್ತು ಪೋರ್ಚುಗಲ್. ಈ ಮೂರೂ ಆಗಷ್ಟೇ ಸರ್ವಾಧಿಕಾರದಿಂದ ಹೊರಬಂದ ದೇಶಗಳು. ಅವು ಮತ್ತೆ ಹಳೇ ದಾರಿಗೆ ಹೋಗದಿರಲಿ ಎಂಬುದು ಒಳಗೆ ಕರೆದುಕೊಳ್ಳಲು ದೊಡ್ಡ ಕಾರಣ. 1995ರಲ್ಲಿ ಆಸ್ಟ್ರಿಯಾ, ಸ್ವೀಡನ್, ಫಿನ್ಲೆಂಡ್ ಸೇರಿದವು.

ದೊಡ್ಡ ಜಿಗಿತ 2004ರ ಮೇ 1ರದು. ಒಂದೇ ದಿನ ಹತ್ತು ದೇಶ. ಅವುಗಳಲ್ಲಿ ಎಂಟು, ಪೋಲೆಂಡ್, ಹಂಗೇರಿ, ಲಿಥುವೇನಿಯಾ ಮುಂತಾದವು, 1989-91ರವರೆಗೆ ಕಮ್ಯುನಿಸ್ಟ್ ಆಡಳಿತದಲ್ಲಿದ್ದವು. ಅದರಲ್ಲೂ ಮೂರು ಬಾಲ್ಟಿಕ್ ದೇಶಗಳು ಸೋವಿಯತ್ ಒಕ್ಕೂಟದ ಭಾಗವೇ ಆಗಿದ್ದವು. 2007ರಲ್ಲಿ ರೊಮೇನಿಯಾ, ಬಲ್ಗೇರಿಯಾ ಬಂದವು. 2013ರಲ್ಲಿ ಕ್ರೊಯೇಷಿಯಾ ಬಂದದ್ದೇ ಕೊನೆ. ಆಮೇಲೆ ಯಾರೂ ಸೇರಿಲ್ಲ. 2020ರ ಜನವರಿ 31ರಂದು ಬ್ರಿಟನ್ ಹೊರಗೆ ಹೋಯಿತು.

ಒಳಗೆ ಬರುವುದು ಹೇಗೆ?

ಯುರೋಪಿನ ಯಾವ ದೇಶ ಬೇಕಾದರೂ ಅರ್ಜಿ ಹಾಕಬಹುದು. 1987ರಲ್ಲಿ ಮೊರಾಕ್ಕೊ ಹಾಕಿತ್ತು, ನೀವು ಯುರೋಪಿನವರಲ್ಲ ಎಂದು ವಾಪಸ್ ಕಳಿಸಿದರು.

ಅರ್ಜಿ ಹಾಕಿದವರಿಗೆ ಏನೇನಿರಬೇಕು ಎಂದು 1993ರಲ್ಲಿ ಕೋಪನ್‌ಹೇಗನ್‌ನಲ್ಲಿ ತೀರ್ಮಾನವಾಯಿತು. ಗಟ್ಟಿಯಾದ ಪ್ರಜಾಪ್ರಭುತ್ವ ಮತ್ತು ಕಾನೂನಿನ ಆಡಳಿತ ಬೇಕು. ಪೈಪೋಟಿ ತಾಳಿಕೊಳ್ಳುವ ಶಕ್ತಿಯಿರುವ ಮಾರುಕಟ್ಟೆ ಬೇಕು. ಒಕ್ಕೂಟದ ಕಾನೂನುಗಳನ್ನೆಲ್ಲ ಜಾರಿ ಮಾಡುವ ತಾಕತ್ತು ಬೇಕು. ಈ ಕಾನೂನುಗಳನ್ನು 35 ಅಧ್ಯಾಯಗಳಾಗಿ ವಿಂಗಡಿಸಿದ್ದಾರೆ. ಮೀನುಗಾರಿಕೆಯಿಂದ ಹಿಡಿದು ನ್ಯಾಯಾಂಗದವರೆಗೆ. ಮಾತುಕತೆ ಅನ್ನುತ್ತಾರೆ, ಆದರೆ ಚೌಕಾಶಿಗೆ ಜಾಗ ಕಮ್ಮಿ. ನಿಯಮ ಒಪ್ಪಬೇಕು, ಎಷ್ಟು ದಿನದಲ್ಲಿ ಅನ್ನುವುದರ ಮೇಲೆ ಮಾತ್ರ ಸ್ವಲ್ಪ ಎಳೆದಾಟ.

ಇದೆಲ್ಲ ಮುಗಿದ ಮೇಲೂ ಪ್ರತಿಯೊಂದು ಸದಸ್ಯ ದೇಶ ಒಪ್ಪಬೇಕು. ಪ್ರತಿಯೊಂದು. ಎಂಟು ಕೋಟಿ ಮೀರಿದ ಜನರಿರುವ ಜರ್ಮನಿಗೂ ಆರು ಲಕ್ಷ ಮುಟ್ಟದ ಮಾಲ್ಟಾಗೂ ಇಲ್ಲಿ ಒಂದೇ ಬೆಲೆ. ಯುರೋಪಿನ ಸಂಸತ್ತು ಒಪ್ಪಬೇಕು, ಆಮೇಲೆ ಒಪ್ಪಂದ ಒಂದೊಂದು ದೇಶದಲ್ಲೂ ಮಂಜೂರಾಗಬೇಕು. ಒಪ್ಪಿಗೆ ಬೇಕಿರುವುದು ಕೊನೆಯಲ್ಲಷ್ಟೇ ಅಲ್ಲ. ಅಧ್ಯಾಯ ತೆರೆಯಲು, ಮುಚ್ಚಲು, ಹೆಜ್ಜೆಹೆಜ್ಜೆಗೂ ಬೇಕು.

ಇದರ ರುಚಿ ಚೆನ್ನಾಗಿ ಕಂಡದ್ದು ಉತ್ತರ ಮ್ಯಾಸಿಡೋನಿಯಾ. 2004ರಲ್ಲಿ ಅರ್ಜಿ ಹಾಕಿ, 2005ರಲ್ಲೇ ಅಭ್ಯರ್ಥಿ ಆಯಿತು. ಆಗ ಅದರ ಹೆಸರು ಬರೀ ಮ್ಯಾಸಿಡೋನಿಯಾ. ಪಕ್ಕದ ಗ್ರೀಸಿನಲ್ಲಿ ಅದೇ ಹೆಸರಿನ ಪ್ರದೇಶವಿದೆ, ಅಲೆಕ್ಸಾಂಡರನ ಊರು ಎಂಬ ಹೆಮ್ಮೆ ಬೇರೆ. ಹೆಸರು ಬದಲಾಗುವವರೆಗೆ ಬಿಡುವುದಿಲ್ಲ ಎಂದು ಗ್ರೀಸ್ ಹಟ ಹಿಡಿಯಿತು. ವರ್ಷಗಟ್ಟಲೆ ಜಗಳವಾಗಿ, 2018ರಲ್ಲಿ ಪ್ರೆಸ್ಪಾ ಸರೋವರದ ದಂಡೆಯಲ್ಲಿ ಒಪ್ಪಂದವಾಗಿ, 2019ರಲ್ಲಿ ದೇಶದ ಹೆಸರಿಗೇ ‘ಉತ್ತರ’ ಸೇರಿಸಿಕೊಂಡರು. ಅಂತೂ ಮುಗಿಯಿತು ಅನ್ನುವಾಗ 2020ರಲ್ಲಿ ಇನ್ನೊಂದು ಪಕ್ಕದ ದೇಶ ಬಲ್ಗೇರಿಯಾ ತಡೆ ಹಾಕಿತು. ಅದರ ತಕರಾರು ಭಾಷೆ ಮತ್ತು ಇತಿಹಾಸದ ಬಗ್ಗೆ. 2022ರಲ್ಲಿ ದಾರಿ ತೆರೆಯಿತು, ಆದರೆ ಸಂವಿಧಾನ ತಿದ್ದಿ ಬಲ್ಗೇರಿಯನ್ನರ ಹೆಸರು ಅದರಲ್ಲಿ ಸೇರಿಸಬೇಕೆಂಬ ಷರತ್ತಿನೊಂದಿಗೆ. ದೇಶದ ಹೆಸರನ್ನೇ ಬಿಟ್ಟುಕೊಟ್ಟವರಿಗೆ ಇನ್ನೂ ಒಂದು ಕೇಳಿದರೆ ಹೇಗನಿಸಬಹುದು, ಊಹಿಸಿಕೊಳ್ಳಿ.

ಟರ್ಕಿಯದು ಇನ್ನೂ ಉದ್ದದ ಕತೆ. 1987ರಲ್ಲಿ ಅರ್ಜಿ, 1999ರಲ್ಲಿ ಅಭ್ಯರ್ಥಿ, 2005ರಲ್ಲಿ ಮಾತುಕತೆ. 2018ರಿಂದ ಎಲ್ಲವೂ ನಿಂತಲ್ಲೇ ನಿಂತಿದೆ.

ಗಡಿ ಅಳಿಸಿಹೋಗುವುದಿಲ್ಲ, ಜರುಗುತ್ತದೆ

ಒಕ್ಕೂಟ ದೊಡ್ಡದಾದರೆ ಗಡಿಗಳು ಮಾಯವಾಗುತ್ತವೆ ಎಂದು ಸುಮಾರು ಜನ ತಿಳಿದುಕೊಂಡಿದ್ದಾರೆ. ನನ್ನ ಲೆಕ್ಕದಲ್ಲಿ ಈ ಇಡೀ ವಿಷಯದ ಗಂಟು ಇರುವುದೇ ಇಲ್ಲಿ. ನಮ್ಮ ಕಡೆಯವರಿಗೆ ಇದನ್ನು ಜಾಸ್ತಿ ಬಿಡಿಸಿ ಹೇಳಬೇಕಿಲ್ಲ.

1953ರ ಅಕ್ಟೋಬರ್ 1ರಂದು ಬಳ್ಳಾರಿ ಮದ್ರಾಸ್ ರಾಜ್ಯ ಬಿಟ್ಟು ಮೈಸೂರಿಗೆ ಸೇರಿತು. ಅದೇ ದಿನ ಅದೇ ಜಿಲ್ಲೆಯ ಆದೋನಿ, ಆಲೂರು, ರಾಯದುರ್ಗ ತಾಲೂಕುಗಳು ಹೊಸ ಆಂಧ್ರ ರಾಜ್ಯಕ್ಕೆ ಹೋದವು. ಮೂರು ವರ್ಷಕ್ಕೆ ರಾಯಚೂರು (ಆಗ ಕೊಪ್ಪಳವೂ ಅದರೊಳಗೇ ಇತ್ತು) ಹೈದರಾಬಾದ್ ರಾಜ್ಯದಿಂದ ಈ ಕಡೆ ಬಂದಾಗ, ಗದ್ವಾಲ್ ಮತ್ತು ಆಲಂಪುರ ಆ ಕಡೆ ಉಳಿದವು. ಸೇರಿದವರಿಗೆ ಹಬ್ಬ. ಆದರೆ ಹೊಸ ಗೆರೆಯ ಎರಡೂ ಬದಿಗೆ ಕನ್ನಡ, ತೆಲುಗು ಎರಡೂ ಆಡುವ ಮನೆಗಳಿದ್ದವು, ನಿನ್ನೆಯವರೆಗೆ ಒಂದೇ ಕಚೇರಿಗೆ ಹೋಗುತ್ತಿದ್ದ ಊರುಗಳಿದ್ದವು. ತುಂಗಭದ್ರೆಯ ನೀರು ಗೆರೆ ನೋಡಿ ಹರಿಯುವುದಿಲ್ಲ, ಹಾಗಾಗಿ ಅದಕ್ಕೊಂದು ಜಂಟಿ ಮಂಡಳಿಯೇ ಬೇಕಾಯಿತು. ಒಂದು ವ್ಯತ್ಯಾಸವಿದೆ. ಆದೋನಿಗೆ ಹೋಗಲು ನಮಗೆ ವೀಸಾ ಬೇಕಿಲ್ಲ. ಯುರೋಪಿನ ಒಕ್ಕೂಟದ ಹೊರಗಡಿ ಅಂದರೆ ಬೇಲಿ, ಕ್ಯಾಮೆರಾ, ಪಾಸ್‌ಪೋರ್ಟ್, ಸುಂಕದ ಕಟ್ಟೆ ಎಲ್ಲವೂ.

ಪೋಲೆಂಡ್ ಮತ್ತು ಉಕ್ರೇನ್ ನಡುವಿನ ಗಡಿ ನೋಡಿ. 2003ರವರೆಗೆ ಉಕ್ರೇನಿನವರು ವೀಸಾ ಇಲ್ಲದೆ ಪೋಲೆಂಡಿಗೆ ಹೋಗಿ, ಸಂತೆ ಮಾಡಿ, ಸಂಜೆಗೆ ವಾಪಸ್ಸಾಗಬಹುದಿತ್ತು. ಪೋಲೆಂಡ್ ಒಕ್ಕೂಟಕ್ಕೆ ಸೇರುವ ತಯಾರಿಯಲ್ಲಿ ಆ ವರ್ಷ ಅಕ್ಟೋಬರಿನಿಂದ ವೀಸಾ ಕೇಳಲು ಶುರು ಮಾಡಿತು. 2007ರ ಕೊನೆಗೆ ಪೋಲೆಂಡ್ ಷೆಂಗೆನ್ ವಲಯಕ್ಕೆ ಸೇರಿತು. ಆಗ ಜರ್ಮನಿ ಕಡೆಯ ತಪಾಸಣೆ ಪೂರ್ತಿ ಹೋಯಿತು, ಉಕ್ರೇನ್ ಕಡೆಯದು ಇನ್ನೂ ಬಿಗಿಯಾಯಿತು. ಪಡುವಣ ಬಾಗಿಲು ತೆರೆದಷ್ಟೂ ಮೂಡಣ ಬಾಗಿಲಿಗೆ ಬೀಗ ಬಿತ್ತು. ಉಕ್ರೇನಿನವರಿಗೆ ಮತ್ತೆ ವೀಸಾ ಇಲ್ಲದ ಪ್ರಯಾಣ ಸಿಕ್ಕಿದ್ದು 2017ರಲ್ಲಿ.

2022ರ ಫೆಬ್ರವರಿಯಲ್ಲಿ ಉಕ್ರೇನಿನ ಮೆಡಿಕಲ್ ಕಾಲೇಜುಗಳಲ್ಲಿದ್ದ ನಮ್ಮ ಮಕ್ಕಳು ಬ್ಯಾಗು ಎಳೆದುಕೊಂಡು ಚಳಿಯಲ್ಲಿ ಸಾಲು ನಿಂತದ್ದು ಇದೇ ಗಡಿಯಲ್ಲಿ. ಪೋಲೆಂಡ್, ಹಂಗೇರಿ, ಸ್ಲೊವಾಕಿಯಾ, ರೊಮೇನಿಯಾ, ಅವರು ದಾಟಿದ ಈ ನಾಲ್ಕೂ ದೇಶದ ಗೆರೆ ಒಕ್ಕೂಟದ ಹೊರಗೋಡೆ. ವಾಟ್ಸಾಪಿನಲ್ಲಿ ಬಂದ ಆ ವಿಡಿಯೋಗಳಲ್ಲಿ ನಾವು ನೋಡಿದ್ದು ಅದನ್ನೇ.

ಗಡಿ ಜರುಗಿದಾಗ ವಿಚಿತ್ರಗಳೂ ಹುಟ್ಟುತ್ತವೆ. ಕಲಿನಿನ್‌ಗ್ರಾದ್ ರಷ್ಯಾದ ಪ್ರದೇಶ. ಆದರೆ ಪೋಲೆಂಡ್ ಮತ್ತು ಲಿಥುವೇನಿಯಾ ನಡುವೆ ಸಿಕ್ಕಿಕೊಂಡಿದೆ. 2004ರಲ್ಲಿ ಅವೆರಡೂ ಒಕ್ಕೂಟಕ್ಕೆ ಸೇರುವ ಮೊದಲೇ, 2003ರಿಂದ, ಅಲ್ಲಿನ ರಷ್ಯನ್ನರು ತಮ್ಮದೇ ದೇಶದ ಉಳಿದ ಭಾಗಕ್ಕೆ ರೈಲಿನಲ್ಲಿ ಹೋಗಲೂ ವಿಶೇಷ ಕಾಗದ ಬೇಕಾಯಿತು. ಸೈಪ್ರಸ್ ಇನ್ನೊಂದು. 1974ರಿಂದ ಎರಡಾಗಿರುವ ದ್ವೀಪ. ಪೂರ್ತಿ ದ್ವೀಪ ಒಕ್ಕೂಟದ್ದೇ ಎಂದು ಕಾಗದದಲ್ಲಿದೆ, ಆದರೆ ಟರ್ಕಿಯ ಸೈನ್ಯವಿರುವ ಉತ್ತರ ಭಾಗದಲ್ಲಿ ಒಕ್ಕೂಟದ ಕಾನೂನು ನಡೆಯುವುದಿಲ್ಲ.

ರಷ್ಯಾಕ್ಕೆ ಯಾಕೆ ಸಿಟ್ಟು?

ಉಕ್ರೇನ್ ಗಲಾಟೆ ಅಂದರೆ ನೇಟೋ ಗಲಾಟೆ ಎಂದೇ ಎಲ್ಲರೂ ಹೇಳುತ್ತಾರೆ. ನೇಟೋ ಪಾತ್ರ ಇದೆ, ಆದರೆ 2013ರಲ್ಲಿ ಕಿಡಿ ಹತ್ತಿದ್ದು ಯುರೋಪಿಯನ್ ಒಕ್ಕೂಟದ ಒಂದು ವ್ಯಾಪಾರ ಮತ್ತು ಸಹಕಾರದ ಒಪ್ಪಂದದಿಂದ. ಆಗಿನ ಅಧ್ಯಕ್ಷ ಯಾನುಕೊವಿಚ್ ಸಹಿ ಹಾಕುವ ಹೊತ್ತಿಗೆ ಹಿಂದೆ ಸರಿದರು. ರಷ್ಯಾದ ಒತ್ತಡ ಇತ್ತು, ತನ್ನದೇ ಯುರೇಷಿಯನ್ ಆರ್ಥಿಕ ಕೂಟಕ್ಕೆ ಉಕ್ರೇನ್ ಬರಲಿ ಎಂಬ ಆಸೆ ಅದಕ್ಕಿತ್ತು. ರಷ್ಯಾದ ಸುಂಕದ ಕೂಟಕ್ಕೆ ಸೇರಿದರೆ ಒಕ್ಕೂಟದ ಜೊತೆ ಬೇರೆಯಾಗಿ ಮುಕ್ತ ವ್ಯಾಪಾರ ಮಾಡಲು ಬರುವುದಿಲ್ಲ, ಒಂದನ್ನು ಬಿಡಲೇಬೇಕು. ಕೀವ್‌ನ ಮೈದಾನದಲ್ಲಿ ಜನ ಸೇರಿದರು, ಮೂರು ತಿಂಗಳಲ್ಲಿ ಅಧ್ಯಕ್ಷ ದೇಶ ಬಿಟ್ಟು ಓಡಿಹೋದರು. 2014ರ ಮಾರ್ಚಿನಲ್ಲಿ ರಷ್ಯಾ ಕ್ರಿಮಿಯಾವನ್ನು ತನ್ನದೆಂದು ಘೋಷಿಸಿಕೊಂಡಿತು.

ರಷ್ಯಾ ಹೇಳುವುದು, ತನ್ನ ಮಗ್ಗುಲಲ್ಲಿರುವ ದೇಶಗಳನ್ನು ಪಶ್ಚಿಮದವರು ಒಂದೊಂದಾಗಿ ಸೆಳೆದುಕೊಳ್ಳುತ್ತಿದ್ದಾರೆ ಎಂದು. ಒಕ್ಕೂಟ ಹೇಳುವುದು, ಯಾವ ಕಡೆ ಹೋಗಬೇಕೆಂಬುದು ಆಯಾ ದೇಶದ ಜನರಿಗೆ ಬಿಟ್ಟದ್ದು ಎಂದು. ಇವೆರಡರ ನಡುವೆ ಇರುವ ದೇಶಗಳ ಪಾಡೇ ಬೇರೆ. ಮೊಲ್ಡೋವಾದ ಪೂರ್ವದ ಅಂಚು ಟ್ರಾನ್ಸ್‌ನಿಸ್ಟ್ರಿಯಾದಲ್ಲಿ 1990ರ ದಶಕದಿಂದ ರಷ್ಯಾದ ಸೈನಿಕರಿದ್ದಾರೆ. ಜಾರ್ಜಿಯಾದ ಎರಡು ಭಾಗಗಳು, ಅಬ್ಖಾಜಿಯಾ ಮತ್ತು ದಕ್ಷಿಣ ಒಸೆಟಿಯಾ, ಅದರ ಕೈಯಲ್ಲೇ ಇಲ್ಲ. ಗಡಿ ತೀರ್ಮಾನವಾಗದ ದೇಶವನ್ನು ಒಳಗೆ ತೆಗೆದುಕೊಂಡರೆ ಆ ಜಗಳವನ್ನೂ ತೆಗೆದುಕೊಂಡ ಹಾಗೆ. ಒಬ್ಬ ಸದಸ್ಯನ ಮೇಲೆ ದಾಳಿಯಾದರೆ ಉಳಿದವರು ನೆರವಿಗೆ ಬರಬೇಕು ಎಂಬ ಕಲಮು ಒಕ್ಕೂಟದ ಒಪ್ಪಂದದಲ್ಲೂ ಇದೆ. ಸೈಪ್ರಸ್ಸಿನ ಅನುಭವವಾದ ಮೇಲೆ ಈ ವಿಷಯದಲ್ಲಿ ಎಲ್ಲರೂ ಹುಷಾರಾಗಿದ್ದಾರೆ.

2022ರ ಫೆಬ್ರವರಿ 24ರಂದು ರಷ್ಯಾದ ದಾಳಿ ಶುರುವಾಯಿತು, 28ರಂದು ಉಕ್ರೇನ್ ಅರ್ಜಿ ಹಾಕಿತು. ಜೂನಿನಲ್ಲಿ ಉಕ್ರೇನ್, ಮೊಲ್ಡೋವಾ ಎರಡೂ ಅಭ್ಯರ್ಥಿಗಳಾದವು. ಬೇರೆಯವರಿಗೆ ವರ್ಷಗಳು ಹಿಡಿಯುವ ಹೆಜ್ಜೆ ನಾಲ್ಕು ತಿಂಗಳಲ್ಲಿ ಮುಗಿದಿತ್ತು. 2023ರ ಡಿಸೆಂಬರಿನಲ್ಲಿ ಮಾತುಕತೆ ಶುರು ಮಾಡುವ ತೀರ್ಮಾನಕ್ಕೆ ಹಂಗೇರಿಯ ಪ್ರಧಾನಿ ಒರ್ಬಾನ್ ವಿರೋಧವಿತ್ತು. ಅವರು ಕೋಣೆಯಿಂದ ಹೊರಗೆ ಹೋದಾಗ ಉಳಿದವರು ತೀರ್ಮಾನ ಮಾಡಿಕೊಂಡರು. ಸರ್ವಾನುಮತ ಬೇಕು ಎಂಬ ನಿಯಮದೊಳಗೆ ಇಂಥ ಕಿಟಕಿಗಳೂ ಇರುತ್ತವೆ. ಆದರೂ ಮುಂದಿನ ಹೆಜ್ಜೆಗಳಿಗೆ ಹಂಗೇರಿ ಅಡ್ಡ ನಿಂತದ್ದು ಬೇರೆ ಮಾತು.

ಜನ ಎಲ್ಲ ಕಡೆ ಕುಣಿದು ಹೋಗುತ್ತಿದ್ದಾರೆ ಅಂತಲೂ ಅಲ್ಲ. 2024ರ ಅಕ್ಟೋಬರಿನಲ್ಲಿ ಮೊಲ್ಡೋವಾದ ಜನಮತಗಣನೆಯಲ್ಲಿ ಒಕ್ಕೂಟದ ಪರ ಬಿದ್ದದ್ದು ಅರ್ಧಕ್ಕಿಂತ ಕೂದಲೆಳೆಯಷ್ಟು ಜಾಸ್ತಿ. ಅದರ ಮರುತಿಂಗಳು ಜಾರ್ಜಿಯಾ ಸರ್ಕಾರ 2028ರವರೆಗೆ ಮಾತುಕತೆ ಬೇಡ ಅಂದಿತು, ಅಲ್ಲಿ ಜನ ಅದರ ವಿರುದ್ಧ ಬೀದಿಗಿಳಿದರು. ನಾರ್ವೆಯ ಜನ 1972ರಲ್ಲೂ 1994ರಲ್ಲೂ ಬೇಡ ಎಂದೇ ಮತ ಹಾಕಿದ್ದರು.

ಉಕ್ರೇನಿನ ಹೊಲ, ಪೋಲೆಂಡಿನ ರೈತ

ನಮ್ಮ ಎರೆಭೂಮಿಯವರಿಗೆ ಉಕ್ರೇನಿನ ಕಪ್ಪು ಮಣ್ಣಿನ ಬಗ್ಗೆ ಕೇಳಿದರೆ ಆಸೆಯಾಗುತ್ತದೆ. ಒಕ್ಕೂಟದ ಯಾವುದೇ ಒಂದು ದೇಶಕ್ಕಿಂತ ಜಾಸ್ತಿ ಉಳುವ ಭೂಮಿ ಅಲ್ಲಿದೆ. ಈಗ ಲೆಕ್ಕ ಹಾಕಿ. ಒಕ್ಕೂಟದ ಬಜೆಟ್ಟಿನಲ್ಲಿ ಹೆಚ್ಚುಕಮ್ಮಿ ಮೂರರಲ್ಲೊಂದು ಪಾಲು ಕೃಷಿಗೆ ಹೋಗುತ್ತದೆ. ಅದರಲ್ಲಿ ದೊಡ್ಡ ಭಾಗವನ್ನು ಹೆಕ್ಟೇರಿಗೆ ಇಷ್ಟು ಎಂದು ರೈತರಿಗೆ ನೇರವಾಗಿ ಕೊಡುತ್ತಾರೆ. ಉಕ್ರೇನ್ ಇದೇ ನಿಯಮದ ಮೇಲೆ ಒಳಗೆ ಬಂದರೆ ಒಂದೋ ಚೀಲ ದೊಡ್ಡದಾಗಬೇಕು, ಇಲ್ಲ ಫ್ರಾನ್ಸ್, ಪೋಲೆಂಡಿನ ರೈತರ ಪಾಲು ಕಮ್ಮಿಯಾಗಬೇಕು. ಇಲ್ಲದಿದ್ದರೆ ನಿಯಮವನ್ನೇ ಬದಲಿಸಬೇಕು.

ಇದು ಬರೀ ಭಯವಲ್ಲ, ಝಲಕ್ ಆಗಲೇ ಕಂಡಿದೆ. ಯುದ್ಧದಲ್ಲಿ ಕಪ್ಪು ಸಮುದ್ರದ ಬಂದರುಗಳು ಮುಚ್ಚಿದಾಗ ಒಕ್ಕೂಟ ಉಕ್ರೇನಿನ ಧಾನ್ಯಕ್ಕೆ ಸುಂಕವಿಲ್ಲದೆ ದಾರಿ ಬಿಟ್ಟಿತು. ಗೋಧಿ, ಮೆಕ್ಕೆಜೋಳ ಪೋಲೆಂಡಿನಲ್ಲಿ ರಾಶಿಯಾಗಿ ಬೆಲೆ ಬಿತ್ತು. ರಾಯಚೂರು ಎಪಿಎಂಸಿಯಲ್ಲಿ ಆವಕ ಜಾಸ್ತಿಯಾದ ದಿನ ಏನಾಗುತ್ತದೆ ಎಂದು ನೋಡಿದವರಿಗೆ ಇದು ಹೊಸದಲ್ಲ. 2023ರಲ್ಲಿ ಪೋಲೆಂಡ್, ಹಂಗೇರಿ, ಸ್ಲೊವಾಕಿಯಾ ಉಕ್ರೇನಿನ ಧಾನ್ಯ ಬೇಡವೆಂದು ನಿಷೇಧ ಹಾಕಿದವು. ಅದೇ ನವೆಂಬರಿನಲ್ಲಿ ಪೋಲೆಂಡಿನ ಲಾರಿ ಮಾಲೀಕರು ಗಡಿಯ ರಸ್ತೆಗಳನ್ನೇ ಬಂದ್ ಮಾಡಿದರು. ಯುದ್ಧದಲ್ಲಿ ಉಕ್ರೇನಿನ ಬೆನ್ನಿಗೆ ಗಟ್ಟಿಯಾಗಿ ನಿಂತ ದೇಶವೂ ಇದೇ ಪೋಲೆಂಡ್.

ಬಾಲ್ಕನ್ನಿನ ಸರದಿ

ಇಟಲಿಯ ಎದುರಿಗೆ ಸಮುದ್ರದಾಚೆ ಇರುವ ಬಾಲ್ಕನ್ ದೇಶಗಳಿಗೆ ನಿಮ್ಮ ಭವಿಷ್ಯ ನಮ್ಮೊಂದಿಗೇ ಎಂದು 2003ರಲ್ಲೇ ಮಾತು ಕೊಟ್ಟಿದ್ದರು. ಅವುಗಳಲ್ಲಿ ಮುಂದಿರುವುದು ಮಾಂಟೆನೆಗ್ರೊ, ಕೊಪ್ಪಳ ಜಿಲ್ಲೆಯ ಅರ್ಧದಷ್ಟೂ ಜನವಿಲ್ಲದ ದೇಶ. 2012ರಿಂದ ಮಾತುಕತೆಯಲ್ಲಿದೆ. ತಮಾಷೆ ಅಂದರೆ ಸದಸ್ಯನಾಗದಿದ್ದರೂ ಅಲ್ಲಿ ನಡೆಯುವುದು ಯೂರೋ ನಾಣ್ಯವೇ.

ಕಾಯಿಸಿದರೆ ಬೇರೆಯವರು ಬಂದು ಕೂರುತ್ತಾರೆ. ಮಾಂಟೆನೆಗ್ರೊ 2014ರಲ್ಲಿ ಹೆದ್ದಾರಿಗೆ ಚೀನಾದಿಂದ ದೊಡ್ಡ ಸಾಲ ತಂದಿತು. ಸೆರ್ಬಿಯಾದ ಸ್ಮೆಡೆರೆವೊ ಉಕ್ಕಿನ ಕಾರ್ಖಾನೆಯನ್ನು 2016ರಲ್ಲಿ ಚೀನಾದ ಕಂಪನಿ ಕೊಂಡಿತು. 2024ರ ಜುಲೈನಿಂದ ಸೆರ್ಬಿಯಾಕ್ಕೆ ಚೀನಾ ಜೊತೆ ಮುಕ್ತ ವ್ಯಾಪಾರ ಒಪ್ಪಂದವೇ ಇದೆ. ಕೊಸೊವೊ 2022ರಲ್ಲಿ ಅರ್ಜಿ ಹಾಕಿದೆ, ಆದರೆ ಒಕ್ಕೂಟದ ಐದು ದೇಶಗಳು ಅದನ್ನು ದೇಶವೆಂದೇ ಒಪ್ಪಿಲ್ಲ.

ನಮಗೇನು?

ಹೊಸ ದೇಶ ಸೇರಿದ ದಿನ ಅದು ತನ್ನ ಹಳೆಯ ವ್ಯಾಪಾರ ಒಪ್ಪಂದಗಳನ್ನು ಬಿಡಬೇಕು, ಒಕ್ಕೂಟ ಮಾಡಿಕೊಂಡವನ್ನು ಹೊರಬೇಕು. ಸೆರ್ಬಿಯಾ ಒಳಗೆ ಬಂದರೆ ಚೀನಾ ಜೊತೆಗಿನ ಒಪ್ಪಂದ ಹೋಗುತ್ತದೆ. ಅಷ್ಟರಲ್ಲಿ ಭಾರತದ ಒಪ್ಪಂದ ಜಾರಿಯಲ್ಲಿದ್ದರೆ ಅದು ಅಲ್ಲಿಗೂ ವಿಸ್ತರಿಸುತ್ತದೆ. ನಾವು ಬೇರೆ ಮಾತುಕತೆಗೆ ಕೂರಬೇಕಿಲ್ಲ.

ಉಕ್ಕಿನ ಲೆಕ್ಕ ಸ್ವಲ್ಪ ಸಿಕ್ಕು. ಕುಡುತಿನಿ ಸುತ್ತಮುತ್ತ ಆರ್ಸೆಲರ್ ಮಿತ್ತಲ್ ಹೆಸರು ಗೊತ್ತಿಲ್ಲದವರಿಲ್ಲ. ಅದೇ ಕಂಪನಿಯ ದೊಡ್ಡ ಕಾರ್ಖಾನೆ ಉಕ್ರೇನಿನ ಕ್ರಿವಿ ರಿಹ್‌ನಲ್ಲಿದೆ, ಅದೂ ನಮ್ಮ ಹಾಗೆ ಅದಿರಿನ ಊರು. ಇವತ್ತು ಅಲ್ಲಿನ ಉಕ್ಕು ಮತ್ತು ತೋರಣಗಲ್ಲಿನ ಉಕ್ಕು ಎರಡೂ ಒಕ್ಕೂಟದ ಹೊರಗಿನವೇ. ಗಡಿಯಲ್ಲಿನ ಇಂಗಾಲದ ಲೆಕ್ಕ ಎರಡಕ್ಕೂ ಇದೆ. ಉಕ್ರೇನ್ ಸೇರಿದರೆ ಅವರಿಗೆ ಗಡಿಯ ಲೆಕ್ಕ ಇರುವುದಿಲ್ಲ. ಬದಲಿಗೆ ಒಳಗಿನ ಕಾರ್ಖಾನೆಗಳು ಇಂಗಾಲಕ್ಕೆ ಕಟ್ಟುವ ದುಡ್ಡನ್ನು ಅವರೂ ಕಟ್ಟಬೇಕಾಗುತ್ತದೆ. ಮಾರುಕಟ್ಟೆ ಮಾತ್ರ ಅವರ ಮನೆ ಬಾಗಿಲಲ್ಲಿರುತ್ತದೆ, ನಮ್ಮದು ಹಡಗು ಹತ್ತಿಯೇ ಹೋಗಬೇಕು.

ಸೂರ್ಯಕಾಂತಿ ಎಣ್ಣೆಯೂ ಇದೆ. ಯುದ್ಧಕ್ಕೆ ಮೊದಲು ಭಾರತಕ್ಕೆ ಈ ಎಣ್ಣೆ ಎಲ್ಲರಿಗಿಂತ ಜಾಸ್ತಿ ಬರುತ್ತಿದ್ದದ್ದು ಉಕ್ರೇನಿನಿಂದ. 2022ರ ಮಾರ್ಚಿನಲ್ಲಿ ಕಿರಾಣಿ ಅಂಗಡಿಯಲ್ಲಿ ಪ್ಯಾಕೆಟ್ಟಿನ ರೇಟು ದಿನಕ್ಕೊಂದಾದದ್ದು ನೆನಪಿದೆ ಅಲ್ವಾ? ಸದಸ್ಯನಾದ ಮೇಲೆ ಆ ಎಣ್ಣೆಯ ಮೇಲೆ ಭಾರತದ ಸುಂಕ ಎಷ್ಟಿರಬೇಕೆಂಬುದು ಒಕ್ಕೂಟದ ಜೊತೆಗಿನ ಒಪ್ಪಂದದಿಂದ ತೀರ್ಮಾನವಾಗುತ್ತದೆ. ಸಿಂಧನೂರು, ಕುಷ್ಟಗಿ ಕಡೆ ಇನ್ನೂ ಸೂರ್ಯಕಾಂತಿ ಬಿತ್ತುವವರಿಗೆ ಆ ಸುಂಕದ ಸಾಲು ಮುಖ್ಯ.

ಇದೆಲ್ಲ ನಾಳೆಯೇ ಆಗುವುದಿಲ್ಲ. ಕೊನೆಯದಾಗಿ ಸೇರಿದ ಕ್ರೊಯೇಷಿಯಾ 2003ರಲ್ಲಿ ಅರ್ಜಿ ಹಾಕಿ 2013ರಲ್ಲಿ ಒಳಗೆ ಬಂತು. ಅದರ ಮೇಲೆ ಯಾವ ಸೈನ್ಯವೂ ಆಗ ದಾಳಿ ಮಾಡುತ್ತಿರಲಿಲ್ಲ.